ಕಡಲು ಕಾದರೆ ಕಡೂರಿಗೇನು?



ಮಳೆ ಮೋಡದಿಂದ ಬೀಳುತ್ತದೆಂಬುದು ಎಲ್ಲರಿಗೂ ತಿಳಿದಿದೆ. ಆದರೆ ಮಳೆ ಮೋಡವೊಂದರ ಕೆಲಸವಲ್ಲ. ಕಡಲು, ಗಾಳಿ, ಬೆಟ್ಟ, ಕಾಡು, ಮಣ್ಣು ಎಲ್ಲವೂ ಅದರಲ್ಲಿ ಪಾಲುದಾರರು. ಒಂದರಲ್ಲಿ ಏರುಪೇರಾದರೆ ಉಳಿದವುಗಳಿಗೂ ತಟ್ಟುತ್ತದೆ.

ಕಡೂರು, ತರೀಕೆರೆ, ಅಜ್ಜಂಪುರ ತಾಲ್ಲೂಕುಗಳಲ್ಲಿ ಇದನ್ನು ಕಣ್ಣಾರೆ ಕಾಣಬಹುದು. ಮುಂಗಾರಿನ ಗಾಳಿ ಅರಬ್ಬೀ ಸಮುದ್ರದ ತೇವ ಹೊತ್ತು ಪಶ್ಚಿಮ ಘಟ್ಟವನ್ನು ಏರುತ್ತದೆ. ಏರಿದಂತೆ ತಣ್ಣಗಾಗಿ ಆವಿ ಹನಿಗಟ್ಟುತ್ತದೆ. ಹೀಗಾಗಿ ಆಗುಂಬೆಯಲ್ಲಿ ವರ್ಷಕ್ಕೆ 7,000 ಮಿ.ಮೀ.ಗೂ ಹೆಚ್ಚು ಮಳೆ. ಬಾಬಾಬುಡನ್‌ಗಿರಿ ಸಾಲು ದಾಟಿ ಮೂಡಲಿಗೆ ಇಳಿಯುವಾಗ ಅದೇ ಗಾಳಿ ಬೆಚ್ಚಗಾಗಿ ಒಣಗುತ್ತದೆ. ಆದ್ದರಿಂದಲೇ ತರೀಕೆರೆಯ ಲಕ್ಕವಳ್ಳಿ ಕಡೆ ಕಾಡು. ಕಡೂರಿನ ಬಯಲಿನಲ್ಲಿ 600 ಮಿ.ಮೀ. ಆಸುಪಾಸಿನ ಮಳೆ, ರಾಗಿ ಮತ್ತು ತೆಂಗು.

ದೂರದ ಕಡಲಿಗೂ ಈ ಹೊಲಗಳಿಗೂ ನಂಟಿದೆ. ಪೆಸಿಫಿಕ್ ಸಾಗರದ ನಡು ಮತ್ತು ಪೂರ್ವ ಭಾಗದ ನೀರು ವಾಡಿಕೆಗಿಂತ ಹೆಚ್ಚು ಕಾಯುವುದನ್ನು ಎಲ್ ನಿನೊ ಎನ್ನುತ್ತಾರೆ. ಅಂಥ ವರ್ಷ ಮುಂಗಾರು ಸೊರಗುವುದುಂಟು. 2023ರಲ್ಲಿ ಹಾಗೆಯೇ ಆಗಿ, ರಾಜ್ಯದ ಬಹುಪಾಲು ತಾಲ್ಲೂಕುಗಳು ಬರಪೀಡಿತವೆಂದು ಘೋಷಿತವಾದವು. ಆದರೆ 1997ರಲ್ಲಿ ಎಲ್ ನಿನೊ ಬಲವಾಗಿದ್ದರೂ ದೇಶದ ಮುಂಗಾರು ಕೈಕೊಡಲಿಲ್ಲ. ಹಿಂದೂ ಮಹಾಸಾಗರದ ಪಶ್ಚಿಮ ಭಾಗ ಬೆಚ್ಚಗೂ ಪೂರ್ವ ಭಾಗ ತಣ್ಣಗೂ ಇದ್ದುದು ಆಗ ನೆರವಾಯಿತೆಂದು ವಿಜ್ಞಾನಿಗಳ ಅಭಿಪ್ರಾಯ.

ಕಲ್ಲಿದ್ದಲು, ಪೆಟ್ರೋಲು ಉರಿಸುವುದರಿಂದ ಭೂಮಿ ಕಾಯುತ್ತಿದೆ. ಗಾಳಿ 1 ಡಿಗ್ರಿ ಸೆಲ್ಸಿಯಸ್ ಬಿಸಿಯಾದರೆ ಸುಮಾರು ಶೇಕಡಾ 7ರಷ್ಟು ಹೆಚ್ಚು ಆವಿ ಹಿಡಿಯಬಲ್ಲದು. ಆದ್ದರಿಂದ ಮಳೆ ಬಂದರೆ ಒಮ್ಮೆಗೇ ಸುರಿಯುವ ಸಂಭವ ಹೆಚ್ಚು. ಕಡೂರಿನ ಮೂಲಕ ಹರಿಯುವ ವೇದಾವತಿಯ ವಾಣಿವಿಲಾಸ ಸಾಗರ 1933ರ ನಂತರ 2022ರಲ್ಲಿ ಮತ್ತೆ ಕೋಡಿ ಬಿದ್ದಿತು. ಮರುವರ್ಷವೇ ಬರ!

ಮಣ್ಣಿನ ಪಾಲೂ ಚಿಕ್ಕದಲ್ಲ. ತೇವವಿರುವ, ಹಸಿರು ಹೊದ್ದ ನೆಲದಲ್ಲಿ ಬಿಸಿಲಿನ ಕಾವು ನೀರನ್ನು ಆವಿ ಮಾಡಲು ವೆಚ್ಚವಾಗುತ್ತದೆ. ಬರಿದಾದ ಒಣ ಹೊಲದಲ್ಲಿ ಅದೇ ಕಾವು ನೆಲವನ್ನೂ ಗಾಳಿಯನ್ನೂ ಸುಡುತ್ತದೆ.

ಕಡಲನ್ನು ತಣಿಸುವುದು ರೈತನ ಕೈಲಿಲ್ಲ. ಬಿದ್ದ ಮಳೆಯನ್ನು ಹೊಲದಲ್ಲೇ ಇಂಗಿಸುವುದು ಅವನ ಕೈಲಿದೆ. ಇಳಿಜಾರಿಗೆ ಅಡ್ಡಲಾಗಿ ಉಳುಮೆ ಮಾಡಬೇಕು, ಬದು ಭದ್ರಪಡಿಸಬೇಕು. ತೆಂಗಿನ ಪಾತಿಗೆ ಗರಿ, ಸೋಗೆ ಹೊದಿಸಬೇಕು. ಬೇಸಿಗೆಯಲ್ಲಿ ಕೆರೆಯ ಹೂಳು ಹೊಲಕ್ಕೆ ಬಂದರೆ ಎರಡಕ್ಕೂ ಲಾಭ. ಮೊದಲ ಹನಿಗೇ ಬೀಜ ಚೆಲ್ಲದೆ ಹದ ಮಳೆಗೆ ಕಾಯುವುದು ಲೇಸು. ಮುಂಗಾರು ತಡವಾದರೆ ಅಲ್ಪಾವಧಿ ರಾಗಿ ಬಿತ್ತಿ, ಅಕ್ಕಡಿ ಸಾಲಿನಲ್ಲಿ ಅವರೆ ಅಥವಾ ತೊಗರಿ ಹಾಕಿದರೆ ಒಂದು ಕೈಕೊಟ್ಟರೂ ಇನ್ನೊಂದು ಮನೆಗೆ ಬರುತ್ತದೆ.