ಕಡಲಾಚೆಯ ಧಾರೆ

ಕಡಲಾಚೆ ಇಟ್ಟುಕೊಳ್ಳುವ ಮದುವೆಯ ತೊಡಕು ಪಂಚಾಂಗದಿಂದಲೇ ಶುರುವಾಗುತ್ತದೆ. ಆಷಾಢ, ಪಿತೃಪಕ್ಷ, ಧನುರ್ಮಾಸ ಬಿಟ್ಟು, ಗುರು-ಶುಕ್ರರ ಅಸ್ತ ತಪ್ಪಿಸಿ, ಉಳಿದ ದಿನಗಳಲ್ಲೇ ಮುಹೂರ್ತ ಹುಡುಕಬೇಕು. 2024ರಲ್ಲಿ ಏಪ್ರಿಲ್ ಕೊನೆಯಿಂದ ಜುಲೈ ಮೊದಲ ವಾರದವರೆಗೆ ಶುಕ್ರ ಅಸ್ತನಾಗಿದ್ದು, ಮದುವೆಯ ಕಾಲವೆಂದೇ ಹೆಸರಾದ ವೈಶಾಖ, ಜ್ಯೇಷ್ಠಗಳಲ್ಲೇ ಮುಹೂರ್ತಕ್ಕೆ ಬರ ಬಂತು. ಹೀಗೆ ಸೋಸಿ ಉಳಿದ ದಿನ ಅಲ್ಲಿನ ಹವೆಗೂ ಒಗ್ಗಬೇಕು. ಶಾಲೆಗೆ ರಜೆಯಿರುವ ಮೇ ತಿಂಗಳು ಬಾಲಿಗೆ ಒಗ್ಗುತ್ತದೆ. ಫುಕೆಟ್‌ನಲ್ಲಿ ಆಗಲೇ ಮಳೆಗಾಲ ಹಿಡಿದಿರುತ್ತದೆ, ದುಬೈಯಲ್ಲಿ ಬಿಸಿಲು 40 ಡಿಗ್ರಿ ಮುಟ್ಟಿರುತ್ತದೆ. ಮಾಘ, ಫಾಲ್ಗುಣಗಳು ದುಬೈ, ಫುಕೆಟ್‌ಗಳಿಗೆ ಹಿತವಾದರೆ ಬಾಲಿಯಲ್ಲಿ ಮಳೆಯ ಕಾಲ.

ಅಲ್ಲಿನ ಪಂಚಾಂಗವೂ ಒಂದಿದೆ ಎಂಬುದು ಎಷ್ಟೋ ಸಲ ಮರೆತೇ ಹೋಗುತ್ತದೆ. ಬಾಲಿಯ ಹಿಂದೂಗಳ ಹೊಸ ವರ್ಷವಾದ ನ್ಯೆಪಿ, ಯುಗಾದಿಯಂತೆ ಶಕವರ್ಷದ ಲೆಕ್ಕದ್ದೇ. 2023ರಲ್ಲಿ ಎರಡೂ ಮಾರ್ಚ್ 22ರಂದೇ ಬಿದ್ದವು. ಯುಗಾದಿಗೆ ಒಬ್ಬಟ್ಟು, ನ್ಯೆಪಿಗೆ ಮೌನ. ಆ 24 ಗಂಟೆ ದ್ವೀಪದ ವಿಮಾನ ನಿಲ್ದಾಣ ಮುಚ್ಚಿರುತ್ತದೆ, ಪ್ರವಾಸಿಗರೂ ಹೋಟೆಲಿನ ಆವರಣ ಬಿಟ್ಟು ಹೊರಗೆ ಕಾಲಿಡುವಂತಿಲ್ಲ. ರಂಜಾನ್ ತಿಂಗಳು ವರ್ಷಕ್ಕೆ ಹತ್ತು ಹನ್ನೊಂದು ದಿನ ಹಿಂದೆ ಸರಿಯುತ್ತ ಬಂದು 2026ರಲ್ಲಿ ಫೆಬ್ರವರಿಯಲ್ಲೇ ಶುರುವಾಯಿತು. ಕೊಲ್ಲಿಯಲ್ಲಿ ಮಾಘ, ಫಾಲ್ಗುಣದ ಮದುವೆ ಯೋಚಿಸುವವರು ಇದನ್ನೂ ಎಣಿಸಬೇಕು. ಇನ್ನು ಲಗ್ನ. ಬೆಂಗಳೂರಿನ ಗಡಿಯಾರಕ್ಕೆ ಎರಡೂವರೆ ಗಂಟೆ ಕೂಡಿಸಿದರೆ ಬಾಲಿಯ ಗಂಟೆ ಸಿಗುತ್ತದೆ, ಬಾಲಿಯ ಲಗ್ನ ಸಿಗುವುದಿಲ್ಲ. ಅದನ್ನು ಆ ಊರಿನ ಅಕ್ಷಾಂಶ, ರೇಖಾಂಶ ಹಿಡಿದು ಹೊಸದಾಗಿ ಗುಣಿಸಬೇಕು. ಸೂರ್ಯ ಮುಳುಗುವ ಬೆಳಕಲ್ಲೇ ಧಾರೆಯಾಗಲಿ ಎಂಬ ಫೋಟೊದವರ ಹಟಕ್ಕೆ ಗೋಧೂಳಿ ಲಗ್ನ ಕೂಡಿಬಂದರೆ ಅದೃಷ್ಟ.

ದಿನ ಗೊತ್ತಾದ ಮೇಲೆ ಕಾನೂನು. ಹಿಂದೂ ವಧೂವರರ ಮಟ್ಟಿಗೆ 1955ರ ಹಿಂದೂ ವಿವಾಹ ಕಾಯ್ದೆ, ಭಾರತದಲ್ಲಿ ಕಾಯಂ ನೆಲೆಯುಳ್ಳವರು ಹೊರದೇಶದಲ್ಲಿದ್ದಾಗಲೂ ಅನ್ವಯಿಸುತ್ತದೆ. ಆದ್ದರಿಂದ ಸಮುದ್ರ ತೀರದಲ್ಲಿ ತುಳಿದ ಸಪ್ತಪದಿಯೂ ಸಪ್ತಪದಿಯೇ. ತೊಡಕಿರುವುದು ಅದರ ದಾಖಲೆಯಲ್ಲಿ. ಭಾರತದ ರಾಯಭಾರ ಕಚೇರಿಯಲ್ಲಿ 1969ರ ವಿದೇಶಿ ವಿವಾಹ ಕಾಯ್ದೆಯ ಕೆಳಗೆ ಮದುವೆಯಾಗಲು ದಾರಿಯಿದೆ. ಆದರೆ ನೋಟಿಸು ಕೊಡುವ ಮೊದಲು ಇಬ್ಬರಲ್ಲೊಬ್ಬರು 30 ದಿನ ಅಲ್ಲಿ ವಾಸವಿರಬೇಕು, ನೋಟಿಸು ಪ್ರಕಟವಾದ ಮೇಲೆ ಆಕ್ಷೇಪಣೆಗೆ ಮತ್ತೆ 30 ದಿನ ಕಾಯಬೇಕು. ದುಬೈಯಲ್ಲೇ ಸಂಸಾರ ಹೂಡಿದ ಕನ್ನಡಿಗರಿಗೆ ಇದು ಆದೀತು, ನಾಲ್ಕು ದಿನಕ್ಕೆ ಹೋಗಿಬರುವವರಿಗಲ್ಲ. ಇಂಡೊನೇಷ್ಯಾದ 1974ರ ವಿವಾಹ ಕಾನೂನು ಧರ್ಮವಿಧಿಯ ಮದುವೆಯನ್ನೇ ಮದುವೆಯೆಂದು ಒಪ್ಪುವುದರಿಂದ, ಅಲ್ಲೇ ಕಾನೂನು ಪ್ರಕಾರ ಆಗಬೇಕೆಂದರೆ ವಧೂವರರು ಒಂದೇ ಧರ್ಮ ನಮೂದಿಸಬೇಕಾಗುತ್ತದೆ.

ಬಹಳ ಮಂದಿ ಊರಲ್ಲೇ ಕಾಗದದ ಕೆಲಸ ಮುಗಿಸಿ, ಶಾಸ್ತ್ರವನ್ನಷ್ಟೇ ಹೊರಗೆ ಇಟ್ಟುಕೊಳ್ಳುವುದು ಇದಕ್ಕೇ. ಅದರಲ್ಲೂ ಎಚ್ಚರ ಬೇಕು. ವಿಧಿಗಳೇ ನಡೆಯದೆ ನೋಂದಣಿಯೊಂದರಿಂದ ಹಿಂದೂ ವಿವಾಹ ಆಗದು ಎಂದು ಸುಪ್ರೀಂ ಕೋರ್ಟ್ 2024ರಲ್ಲಿ ಸ್ಪಷ್ಟವಾಗಿ ಹೇಳಿದೆ. ವೀಸಾಕ್ಕೆ ಪ್ರಮಾಣಪತ್ರ ಬೇಕೆಂದು, ನಡೆಯದ ಮದುವೆಯನ್ನು ನಡೆದಿದೆಯೆಂದು ಬರೆಸುವುದು ಮುಂದೆ ಕಾಡುವ ಕೆಲಸ. ಸರಿಯಾದ ದಾರಿ 1954ರ ವಿಶೇಷ ವಿವಾಹ ಕಾಯ್ದೆ. ಅಲ್ಲಿಯೂ 30 ದಿನದ ನೋಟಿಸು ಇದೆ, ಮೂರು ತಿಂಗಳೊಳಗೆ ಮದುವೆಯಾಗದಿದ್ದರೆ ಆ ನೋಟಿಸು ಬಿದ್ದುಹೋಗುತ್ತದೆ. ಸಬ್ ರಿಜಿಸ್ಟ್ರಾರ್ ಕಚೇರಿಯ ಆ ಅರ್ಧ ದಿನಕ್ಕೆ ಹೂವಿಲ್ಲ, ವಾಲಗವಿಲ್ಲ. ಇಡೀ ಮದುವೆಯ ಅತಿ ದೊಡ್ಡ ಆತಂಕವನ್ನು ಇಳಿಸುವುದು ಅದೇ.

ಸಾಮಾನಿನ ವಿಚಾರ ಹೇಳದೆ ಮುಂದೆ ಹೋಗುವಂತಿಲ್ಲ. ಮದುವೆಯೂಟದ ಗಸಗಸೆ ಪಾಯಸ ಕರ್ನಾಟಕದಲ್ಲಿ ನಿದ್ದೆ ತರಿಸಿದರೆ, ಯುಎಇ ಮತ್ತು ಸಿಂಗಪುರದಲ್ಲಿ ನಿದ್ದೆ ಕೆಡಿಸುತ್ತದೆ. ಅಲ್ಲಿ ಗಸಗಸೆ ನಿಷಿದ್ಧ ವಸ್ತು, ಚೀಲದಲ್ಲಿ ಸಿಕ್ಕರೆ ಮಾದಕ ವಸ್ತುವಿನ ವಿಚಾರಣೆ. ತಾಂಬೂಲದ ವೀಳ್ಯದೆಲೆಯನ್ನೂ ಯುಎಇಗೆ ಒಯ್ಯುವಂತಿಲ್ಲ. ಕರ್ಪೂರ ಬೇಗ ಬೆಂಕಿ ಹತ್ತುವ ವಸ್ತುವೆಂದು ವಿಮಾನದಲ್ಲೇ ಬಿಡುವುದಿಲ್ಲ. ಒಣಕೊಬ್ಬರಿಗೂ ಅದೇ ಗತಿ. ಲಾಜಾಹೋಮದ ಹೊಗೆಗೆ ಹೋಟೆಲಿನ ಅಲಾರಂ ಕೂಗಿ ಛಾವಣಿಯಿಂದ ನೀರು ಸುರಿಯದಂತೆ, ಬೆಂಕಿಗೆ ಒಪ್ಪಿಗೆಯನ್ನು ಬರಹದಲ್ಲೇ ಪಡೆದಿರಬೇಕು. ಊರಿನಿಂದ ಒಯ್ಯುವ ಒಡವೆಗೆ ಹೊರಡುವಾಗಲೇ ಕಸ್ಟಮ್ಸ್‌ನಲ್ಲಿ ರಫ್ತು ಪ್ರಮಾಣಪತ್ರ ಮಾಡಿಸಿದರೆ, ಅಜ್ಜಿಯ ಕಾಲದ ಅಡ್ಡಿಕೆಗೆ ವಾಪಸು ಬರುವಾಗ ಸುಂಕ ಕಟ್ಟುವ ಪ್ರಸಂಗ ಬರದು.

ಜನರದ್ದು ಬೇರೆಯೇ ಕಥೆ. ಹಳೆಯ ತಲೆಮಾರಿನ ಎಷ್ಟೋ ಕನ್ನಡಿಗರಿಗೆ ಮನೆತನದ ಹೆಸರೆಂಬುದೇ ಇಲ್ಲ. ಪಾಸ್‌ಪೋರ್ಟಿನಲ್ಲಿ ಒಂದೇ ಪದ. 2022ರ ನವೆಂಬರಿನಲ್ಲಿ ಯುಎಇ, ಒಂಟಿ ಹೆಸರಿನ ಪಾಸ್‌ಪೋರ್ಟಿನವರಿಗೆ ಪ್ರವಾಸಿ ವೀಸಾದಲ್ಲಿ ಪ್ರವೇಶವಿಲ್ಲ ಎಂದಿತು. ಆಮೇಲೆ ಎರಡನೇ ಪುಟದಲ್ಲಿ ತಂದೆಯ ಹೆಸರಿದ್ದರೆ ಸಾಕೆಂದು ಸಡಿಲಿಸಿತು. ಅಷ್ಟರಲ್ಲಿ ಯಾರೋ ಒಬ್ಬ ದೊಡ್ಡಪ್ಪ ಉಳಿದೇ ಹೋಗಿರುತ್ತಾರೆ. ಇಟಲಿಯಂಥ ಷೆಂಗೆನ್ ದೇಶವಾದರೆ ಅರ್ಜಿಯನ್ನು ಪ್ರಯಾಣಕ್ಕೆ ಆರು ತಿಂಗಳು ಮೊದಲಷ್ಟೇ ಹಾಕಬಹುದು. ತೀರ್ಮಾನಕ್ಕೆ ಸಾಮಾನ್ಯವಾಗಿ 15 ದಿನ, ಕೆಲವೊಮ್ಮೆ 45 ದಿನ. ಎಂದರೆ ಒಂದು ವರ್ಷ ಮೊದಲೇ ಮುಂಗಡ ಕೊಟ್ಟ ಹೋಟೆಲಿಗೆ ಯಾರು ಬರುವರೆಂಬುದು ಕೊನೆಯ ತಿಂಗಳುಗಳವರೆಗೂ ಗೊತ್ತಿರುವುದಿಲ್ಲ. ವಾಲಗದವರು, ಅಡುಗೆಯವರನ್ನು ಕರೆದೊಯ್ಯುವವರು ಇನ್ನೊಂದನ್ನು ತಿಳಿದಿರಬೇಕು: ಪ್ರವಾಸಿ ವೀಸಾದಲ್ಲಿ ಬಂದು ಕೂಲಿಗೆ ಕೆಲಸ ಮಾಡುವುದು ಹಲವು ದೇಶಗಳಲ್ಲಿ ಅಪರಾಧ.

ಆಕಾಶವನ್ನು ಯಾರೂ ಮುಂಗಡ ಕೊಟ್ಟು ಕಾದಿರಿಸಲಾರರು. 2010ರ ಏಪ್ರಿಲಿನಲ್ಲಿ ಐಸ್‌ಲೆಂಡಿನ ಜ್ವಾಲಾಮುಖಿಯ ಬೂದಿ ಯೂರೋಪಿನ ಬಹುಭಾಗದ ವಿಮಾನಗಳನ್ನು ಸುಮಾರು ಆರು ದಿನ ನೆಲಕ್ಕಿಳಿಸಿತು. 2017ರ ನವೆಂಬರಿನಲ್ಲಿ ಆಗುಂಗ್ ಪರ್ವತ ಬಾಲಿಯ ನಿಲ್ದಾಣವನ್ನು ಮುಚ್ಚಿಸಿತು. 2024ರ ಏಪ್ರಿಲ್ 16ರಂದು ಯುಎಇಯಲ್ಲಿ 75 ವರ್ಷಗಳಲ್ಲೇ ಕಾಣದ ಮಳೆ ಸುರಿದು ದುಬೈ ನಿಲ್ದಾಣದ ರನ್‌ವೇ ಕೆರೆಯಾಯಿತು. 2020ರ ಮಾರ್ಚ್ 23ರಿಂದ ಭಾರತ ನಿಲ್ಲಿಸಿದ ಅಂತರರಾಷ್ಟ್ರೀಯ ವಿಮಾನಗಳ ಮಾಮೂಲಿ ಸಂಚಾರ ಮರಳಿದ್ದು 2022ರ ಮಾರ್ಚ್ 27ಕ್ಕೆ. ವಿಮೆಯೊಂದಿದೆ ಎಂದು ನಿಶ್ಚಿಂತೆಯಿಂದ ಕೂರುವವರು ಅದರ ಸಣ್ಣಕ್ಷರಗಳನ್ನು ಓದಬೇಕು. ಅಪಾಯದ ಸೂಚನೆ ಪ್ರಕಟವಾದ ಮೇಲೆ ಕೊಂಡ ವಿಮೆ ಸಾಮಾನ್ಯವಾಗಿ ಆ ಅಪಾಯಕ್ಕೆ ಒದಗುವುದಿಲ್ಲ. ಆಗುಂಗ್ ವಿಚಾರದಲ್ಲಿ ಗರಿಷ್ಠ ಎಚ್ಚರಿಕೆ ಸೆಪ್ಟೆಂಬರಿನಲ್ಲೇ ಹೊರಬಿದ್ದಿತ್ತು.

ಹಣದ ಅನಿಶ್ಚಿತತೆ ಸದ್ದಿಲ್ಲದ್ದು. 2022ರ ಜನವರಿಯಲ್ಲಿ ಡಾಲರಿಗೆ ಸುಮಾರು 74 ರೂಪಾಯಿ, ಅಕ್ಟೋಬರಿಗೆ 83. ಐವತ್ತು ಸಾವಿರ ಡಾಲರಿನ ಒಪ್ಪಂದ 37 ಲಕ್ಷದಿಂದ 41.5 ಲಕ್ಷಕ್ಕೆ ಏರಲು ಒಬ್ಬ ಅತಿಥಿಯೂ ಹೆಚ್ಚಬೇಕಾಗಿಲ್ಲ. ದಿರ್ಹಮ್ ಡಾಲರಿಗೇ ಕಟ್ಟಿಕೊಂಡದ್ದರಿಂದ ದುಬೈಯ ಲೆಕ್ಕವೂ ಇದೇ. ವಿದೇಶ ಪ್ರವಾಸದ ಪ್ಯಾಕೇಜುಗಳ ಮೇಲೆ ಮೂಲದಲ್ಲೇ ವಸೂಲು ಮಾಡುವ ತೆರಿಗೆ 2023ರ ಅಕ್ಟೋಬರಿನಿಂದ ಏಳು ಲಕ್ಷ ಮೀರಿದ ಮೊತ್ತಕ್ಕೆ ಶೇ 20 ಆಯಿತು. 2025ರ ಏಪ್ರಿಲಿನಲ್ಲಿ ಆ ಮಿತಿ ಹತ್ತು ಲಕ್ಷಕ್ಕೇರಿತು. ರಿಟರ್ನ್ ಸಲ್ಲಿಸುವಾಗ ಹೊಂದಿಸಿಕೊಳ್ಳಬಹುದಾಗಿದ್ದರೂ, ಕೈಯಲ್ಲಿ ಹಣ ಬೇಕಾದ ತಿಂಗಳಲ್ಲೇ ಅದು ಸಿಕ್ಕಿಕೊಂಡಿರುತ್ತಿತ್ತು. ಹೋಟೆಲಿನ ಒಪ್ಪಂದದಲ್ಲಿ ನೋಡಬೇಕಾದ್ದು ರದ್ದತಿಗಿಂತ ಮುಂದೂಡಿಕೆಯ ಷರತ್ತು. ಪ್ರಕೃತಿ ವಿಕೋಪದ ಕಲಮು ಹೋಟೆಲಿನವರ ಹೊಣೆಯನ್ನು ಕಳೆಯುತ್ತದೆ. ಮುಂಗಡ ವಾಪಸು ಬರುತ್ತದೆಂದು ಬೇರೆಯಾಗಿ ಬರೆದಿರದಿದ್ದರೆ ಉಳಿಯುವುದು ವಾದ ಮಾತ್ರ.

ಇಷ್ಟನ್ನೂ ತಡೆದುಕೊಳ್ಳುವ ಉಪಾಯ ಹಳೆಯ ಮದುವೆಗಳ ಕಟ್ಟಿನಲ್ಲೇ ಇದೆ. ನಿಶ್ಚಿತಾರ್ಥ, ವರಪೂಜೆ, ಧಾರೆ, ಆರತಕ್ಷತೆ, ಬೀಗರ ಊಟ ಒಂದೊಂದೂ ತನ್ನಷ್ಟಕ್ಕೆ ನಿಲ್ಲುವ ಶಾಸ್ತ್ರ. ಬೇರೆ ಬೇರೆ ದಿನ, ಬೇರೆ ಬೇರೆ ಮನೆಯಲ್ಲಿ ನಡೆಯುತ್ತಿದ್ದವು. ಎಲ್ಲವನ್ನೂ ಒಂದು ರೆಸಾರ್ಟಿನ ಮೂರು ದಿನಕ್ಕೆ ತುರುಕಿದಾಗಲೇ ಒಂದು ತಪ್ಪಿದರೆ ಎಲ್ಲವೂ ತಪ್ಪುತ್ತದೆ. ನೋಂದಣಿ ಊರಲ್ಲಿ, ಧಾರೆ ಹತ್ತಿರದ ಬಂಧುಗಳೊಡನೆ ಹೊರಗೆ, ಪ್ರಯಾಣ ಮಾಡಲಾಗದ ಹಿರಿಯರಿಗಾಗಿ ಬೀಗರ ಊಟ ವಾಪಸು ಬಂದ ಮೇಲೆ ಎಂದು ಬಿಡಿಸಿಟ್ಟರೆ, ಹೊರದೇಶದಲ್ಲಿ ಕೆಡಬಹುದಾದದ್ದು ಮೂರರಲ್ಲಿ ಒಂದು. ಗಸಗಸೆ ಪಾಯಸವೂ ಆ ಊಟಕ್ಕೇ ಮೀಸಲಾಗಲಿ. ಧಾರೆಗೆ ತೆರೆದ ಬಯಲಿನ ಜೊತೆಗೆ ಸೂರಿನ ಕೆಳಗಿನ ಜಾಗವನ್ನೂ ಅದೇ ದಿನಕ್ಕೆ ಹಿಡಿದಿಡಬೇಕು. ಪುರೋಹಿತರಿಗೆ ದಿಬ್ಬಣದ ವಿಮಾನದಲ್ಲಿ ಟಿಕೆಟ್ ತೆಗೆಯದೆ ಎರಡು ದಿನ ಮೊದಲಿನದರಲ್ಲಿ ತೆಗೆಯಬೇಕು. ಮಾಂಗಲ್ಯವನ್ನು, ದೊಡ್ಡ ಪೆಟ್ಟಿಗೆಗೆ ಹಾಕದೆ, ಹುಡುಗನ ತಾಯಿ ಕೈಚೀಲದಲ್ಲೇ ಒಯ್ಯಬೇಕು.