ಸಿನಿಮಾ ಮುಗಿದ ಮೇಲಿನ ಎಂಟು ಶನಿವಾರಗಳು



ಕ್ರೀಡೆಯ ಬಗ್ಗೆ ಮಾತಾಡಿ ಅಂದಾಗ ಗೆದ್ದ ತಂಡವೊಂದನ್ನು ಆರಿಸಿಕೊಳ್ಳಬಹುದಿತ್ತು. ನಾನು ಆರಿಸಿಕೊಂಡಿರುವುದು ಹತ್ತು ಪಂದ್ಯಗಳಲ್ಲಿ ಎಂಟನ್ನು ಸೋತ ತಂಡ. ಅಮೆರಿಕದ ವೆಸ್ಟ್ ವರ್ಜೀನಿಯಾ ರಾಜ್ಯದಲ್ಲಿ, ಒಹಾಯೊ ನದಿಯ ದಡದ ಹಂಟಿಂಗ್ಟನ್ ಎಂಬ ಊರು, ಅಲ್ಲಿನ ಮಾರ್ಷಲ್ ವಿಶ್ವವಿದ್ಯಾಲಯದ ಅಮೆರಿಕನ್ ಫುಟ್‌ಬಾಲ್ ತಂಡ, ವರ್ಷ 1971. 2006ರಲ್ಲಿ ಬಂದ ‘ವಿ ಆರ್ ಮಾರ್ಷಲ್’ ಸಿನಿಮಾವನ್ನು ನಿಮ್ಮಲ್ಲಿ ಕೆಲವರು ನೋಡಿರಬಹುದು. ಆ ಸಿನಿಮಾದ ಆಟ ಋತುವಿನ ಎರಡನೇ ಪಂದ್ಯಕ್ಕೇ ನಿಲ್ಲುತ್ತದೆ. ನನ್ನ ಕುತೂಹಲ ಆಮೇಲಿನ ಎಂಟು ಶನಿವಾರಗಳದ್ದು.

ಹಿನ್ನೆಲೆಯನ್ನು ಬೇಗ ಹೇಳಿಬಿಡುತ್ತೇನೆ. 1970ರ ನವೆಂಬರ್ 14. ಈಸ್ಟ್ ಕ್ಯಾರೊಲಿನಾ ವಿರುದ್ಧ 17-14ರಲ್ಲಿ ಸೋತು ಮನೆಗೆ ಮರಳುತ್ತಿದ್ದ ತಂಡದ ವಿಮಾನ, ಮಳೆ ಮಂಜಿನ ರಾತ್ರಿಯಲ್ಲಿ, ರನ್‌ವೇ ಇನ್ನು ಮೈಲಿಯಷ್ಟು ದೂರ ಇರುವಾಗ ಗುಡ್ಡಕ್ಕೆ ಬಡಿಯಿತು. ಒಳಗಿದ್ದ 75 ಮಂದಿಯಲ್ಲಿ ಒಬ್ಬರೂ ಉಳಿಯಲಿಲ್ಲ. 37 ಆಟಗಾರರು, ಮುಖ್ಯ ಕೋಚ್ ರಿಕ್ ಟಾಲಿ, ಜತೆಗೆ ಹೋಗಿದ್ದ ಊರಿನ ಗಣ್ಯರು. ಆರು ಆಟಗಾರರ ಗುರುತೇ ಹತ್ತಲಿಲ್ಲ. ಅವರನ್ನು ಸ್ಪ್ರಿಂಗ್ ಹಿಲ್ ಸ್ಮಶಾನದಲ್ಲಿ ಒಟ್ಟಿಗೆ ಮಣ್ಣು ಮಾಡಿದರು.

ಫುಟ್‌ಬಾಲನ್ನೇ ನಿಲ್ಲಿಸಿಬಿಡೋಣ ಎಂಬ ಮಾತೂ ಎದ್ದಿತ್ತು. ನಿಲ್ಲಿಸಲಿಲ್ಲ. ವೂಸ್ಟರ್ ಕಾಲೇಜಿನಲ್ಲಿದ್ದ ಜ್ಯಾಕ್ ಲೆಂಗ್ಯೆಲ್ ಕೋಚ್ ಆಗಿ ಬಂದರು. ಆಡಿಸುವುದು ಯಾರನ್ನು? ಗಾಯದಿಂದಾಗಿಯೋ ಬೇರೆ ಕಾರಣಕ್ಕೋ ವಿಮಾನ ಹತ್ತದೆ ಉಳಿದವರು ಬೆರಳೆಣಿಕೆಯಷ್ಟು. ಮೊದಲ ವರ್ಷದ ವಿದ್ಯಾರ್ಥಿಗಳು ಮುಖ್ಯ ತಂಡದಲ್ಲಿ ಆಡುವಂತಿಲ್ಲ ಎಂಬುದು ಆಗಿನ ನಿಯಮ. ಮಾರ್ಷಲ್‌ಗೆ ಅದರಿಂದ ವಿನಾಯಿತಿ ಸಿಕ್ಕಿತು. ಅದೇ 1970ರ ಅಕ್ಟೋಬರ್‌ನಲ್ಲಿ ವಿಚಿಟಾ ಸ್ಟೇಟ್ ತಂಡದ ವಿಮಾನವೂ ಕೊಲರಾಡೊದಲ್ಲಿ ಬಿದ್ದು, ಅವರಿಗೂ ಹೀಗೆಯೇ ಅನುಮತಿ ಕೊಟ್ಟಿದ್ದರು. ಮಾರ್ಷಲ್‌ಗೆ ಚೆಂಡು ಒದೆಯಲು ಸಾಕರ್ ಆಡುತ್ತಿದ್ದ ಹುಡುಗನೊಬ್ಬ ಬಂದ. ಬಾಸ್ಕೆಟ್‌ಬಾಲ್ ಆಡುತ್ತಿದ್ದವನೂ ಬಂದ. ಉಳಿದ ಬಹುಪಾಲು ಈಗಷ್ಟೇ ಹೈಸ್ಕೂಲು ಮುಗಿಸಿದವರು.

ಇಲ್ಲಿ ಆಟದ ಬಗ್ಗೆ ಸ್ವಲ್ಪ ಹೇಳಬೇಕು. ಚೆಂಡು ಹಿಡಿದ ತಂಡಕ್ಕೆ ನಾಲ್ಕು ಅವಕಾಶ. ಅಷ್ಟರೊಳಗೆ ಹತ್ತು ಗಜ ಮುಂದೆ ಹೋಗಬೇಕು. ಹತ್ತು ಗಜ ಅಂದರೆ ಕ್ರಿಕೆಟ್ ಪಿಚ್ಚಿನ ಅರ್ಧವೂ ಅಲ್ಲ. ಆದರೆ ಎದುರಿಗೆ ಗೋಡೆಯ ಹಾಗೆ ಆಳುಗಳು ನಿಂತಿರುತ್ತಾರೆ. ಮೈಕಟ್ಟು ಇದ್ದವರದ್ದೇ ಮೇಲುಗೈ. ಹದಿನೆಂಟು ವರ್ಷದ ಹುಡುಗ ಇಪ್ಪತ್ತೊಂದು ವರ್ಷದವನನ್ನು ತಳ್ಳಿ ಹಿಂದೆ ಸರಿಸುವುದು ಆಗದ ಮಾತು. ಹಾಗಾಗಿ ಲೆಂಗ್ಯೆಲ್ ತಳ್ಳುವ ಆಟವನ್ನೇ ಕೈಬಿಟ್ಟರು. ‘ವೀರ್’ ಎಂಬ ಪದ್ಧತಿಯನ್ನು ಕಲಿಯಲು, ಅದೇ ರಾಜ್ಯದ ದೊಡ್ಡ ವಿಶ್ವವಿದ್ಯಾಲಯ ವೆಸ್ಟ್ ವರ್ಜೀನಿಯಾದ ಕೋಚ್ ಬಾಬಿ ಬೌಡನ್ ಬಳಿ ಹೋದರು. ಬೌಡನ್ ತಮ್ಮ ಪಟ್ಟುಗಳನ್ನು ಮುಚ್ಚಿಡಲಿಲ್ಲ, ಫಿಲ್ಮ್‌ಗಳನ್ನೂ ತೋರಿಸಿದರು.

ಆ ಪದ್ಧತಿಯ ಜಾಣತನ ಇಷ್ಟು. ಎದುರಾಳಿಗಳಲ್ಲಿ ಒಬ್ಬನನ್ನು ಬೇಕೆಂದೇ ಯಾರೂ ತಡೆಯುವುದಿಲ್ಲ. ಆಟ ಶುರುವಾಗುತ್ತಲೇ ಚೆಂಡು ಕೈಗೆ ಬರುವ ಆಟಗಾರ, ಅಂದರೆ ಕ್ವಾರ್ಟರ್‌ಬ್ಯಾಕ್, ಓಡುತ್ತಲೇ ಅವನನ್ನು ನೋಡುತ್ತಾನೆ. ಅವನು ಚೆಂಡು ಪಡೆಯಬೇಕಾದವನ ಮೇಲೆ ನುಗ್ಗಿದರೆ ಚೆಂಡನ್ನು ಕೊಡುವುದೇ ಇಲ್ಲ. ಕ್ವಾರ್ಟರ್‌ಬ್ಯಾಕೇ ಹೊತ್ತು ಓಡುತ್ತಾನೆ, ಇಲ್ಲವೇ ಬದಿಯವನಿಗೆ ಎಸೆಯುತ್ತಾನೆ. ಕ್ಷಣಾರ್ಧದ ತೀರ್ಮಾನ. ತೋಳಿನ ಕೆಲಸವನ್ನು ಕಣ್ಣಿಗೆ ಒಪ್ಪಿಸಿದ ಹಾಗೆ. ಸಿನಿಮಾದ ಭಾಷಣಗಳಿಗಿಂತ ನನಗೆ ಇದು ಹೆಚ್ಚು ಇಷ್ಟ.

ಮೊದಲ ಪಂದ್ಯ ಸೋತರು, ಮೋರ್‌ಹೆಡ್ ಸ್ಟೇಟ್ ವಿರುದ್ಧ, 29-6. ಸೆಪ್ಟೆಂಬರ್ 25ರಂದು ಫೇರ್‌ಫೀಲ್ಡ್ ಕ್ರೀಡಾಂಗಣದಲ್ಲಿ ಎದುರಾಳಿ ಕ್ಸೇವಿಯರ್. ಕಡೆಯ ಗಳಿಗೆಯಲ್ಲಿ 13-9ರಿಂದ ಹಿಂದಿದ್ದಾರೆ, ದಾಟಿದರೆ ಅಂಕ ಸಿಗುವ ಗೆರೆ 13 ಗಜ ದೂರದಲ್ಲಿದೆ, ಗಡಿಯಾರದಲ್ಲಿ ಒಂದೇ ಆಟಕ್ಕೆ ಆಗುವಷ್ಟು ಹೊತ್ತು. ಕ್ವಾರ್ಟರ್‌ಬ್ಯಾಕ್ ರೆಜಿ ಆಲಿವರ್ ಬಲಕ್ಕೆ ಓಡುತ್ತಾ ಎಲ್ಲರನ್ನೂ ತನ್ನ ಬೆನ್ನಿಗೆ ಹಚ್ಚಿಕೊಂಡು, ಥಟ್ಟನೆ ಎಡಕ್ಕೆ, ಮೊದಲ ವರ್ಷದ ಟೆರಿ ಗಾರ್ಡ್ನರ್‌ಗೆ ಎಸೆದ. ಗಾರ್ಡ್ನರ್ ಗೆರೆ ದಾಟುವಾಗ ಸಮಯ ಮುಗಿದಿತ್ತು. 15-13. ಸಿನಿಮಾದವರು ಇಲ್ಲಿ ನಿಲ್ಲಿಸಿದ್ದನ್ನು ತಪ್ಪೆನ್ನಲಾರೆ.

ಮುಂದಿನ ಶನಿವಾರ ಒಹಾಯೊದ ಮಯಾಮಿ ವಿಶ್ವವಿದ್ಯಾಲಯದಲ್ಲಿ ಸೋಲು, 66-6.

ಋತು ಎಂದರೆ ನನ್ನ ಲೆಕ್ಕದಲ್ಲಿ ಶುರುವಾಗುವುದು ಇಲ್ಲಿಂದ. ಪವಾಡ ಆಗಿಹೋಗಿದೆ, ಊರು ಅತ್ತಿದೆ, ಕುಣಿದಿದೆ. ಸೋಮವಾರ ಮತ್ತೆ ಅಭ್ಯಾಸಕ್ಕೆ ಬರಬೇಕು, ಊದಿದ ಮೊಣಕಾಲಿಗೆ ಪಟ್ಟಿ ಸುತ್ತಿಸಿಕೊಳ್ಳಬೇಕು, ಶನಿವಾರ ಮತ್ತೆ ತಮಗಿಂತ ದೊಡ್ಡವರ ಎದುರು ನಿಲ್ಲಬೇಕು. ಅಕ್ಟೋಬರ್ ಕೊನೆಗೆ ಬೋಲಿಂಗ್ ಗ್ರೀನ್ ವಿರುದ್ಧ 12-10ರಲ್ಲಿ ಗೆದ್ದರು. ಅದು ಎರಡನೆಯ, ಕೊನೆಯ ಗೆಲುವು. ಬೋಲಿಂಗ್ ಗ್ರೀನ್ ಬಲವಾದ ತಂಡ. ಕ್ಸೇವಿಯರ್‌ಗಿಂತ ದೊಡ್ಡ ಗೆಲುವು ಇದೇ ಎನ್ನುವುದು ನನ್ನ ಅಭಿಪ್ರಾಯ. ಆದರೆ ಅದರ ಮೇಲೆ ಯಾರೂ ಸಿನಿಮಾ ಮಾಡಲಿಲ್ಲ.

ನವೆಂಬರ್ 13, ದುರಂತದ ವರ್ಷಾಬ್ದಿಯ ಹಿಂದಿನ ದಿನ. ಹಂಟಿಂಗ್ಟನ್‌ಗೆ ಬಂದದ್ದು ಟೊಲೀಡೊ; 1969ರಿಂದ 1971ರವರೆಗೆ ಸತತ 35 ಪಂದ್ಯ ಗೆದ್ದ ತಂಡ. ಟೊಲೀಡೊ 43, ಮಾರ್ಷಲ್ ಸೊನ್ನೆ. ಮರುಕ ತೋರಿಸಿ ಅಂಕ ಬಿಟ್ಟುಕೊಡಲಿಲ್ಲ, ಬಿಡಬೇಕಾಗಿಯೂ ಇರಲಿಲ್ಲ. ಕೊನೆಯ ಪಂದ್ಯದಲ್ಲಿ ಒಹಾಯೊ ವಿಶ್ವವಿದ್ಯಾಲಯ 30, ಮಾರ್ಷಲ್ ಮತ್ತೆ ಸೊನ್ನೆ.

ಈ ಹುಡುಗರನ್ನು ಇಷ್ಟು ಬೇಗ ಮೈದಾನಕ್ಕೆ ಇಳಿಸಿದ್ದು ಸರಿಯೇ? ತಂಡ ಬೇಕಿದ್ದದ್ದು ಊರಿಗೆ. ಮೈಗೆ ಏಟು ತಿಂದದ್ದು ಹುಡುಗರು. ಅವರಲ್ಲಿ ಬಹುಪಾಲು ಮಂದಿ ಸತ್ತವರನ್ನು ಕಂಡವರೂ ಅಲ್ಲ. ಆ ಭಾರವನ್ನು ಅವರ ಹೆಗಲಿಗೇ ಹಾಕಿದ್ದು ನನಗೆ ಪೂರ್ತಿ ಸರಿ ಕಾಣುವುದಿಲ್ಲ. ಆದರೆ ನೇಟ್ ರಫಿನ್‌ನಂಥವರು ಆಡಲೇಬೇಕೆಂದು ಹಟ ಹಿಡಿದವರು. ಗಾಯವಾಗಿ ಆ ವಿಮಾನ ಹತ್ತದೆ ಉಳಿದು, ಮರುವರ್ಷ ನಾಯಕನಾದವರು. 2001ರಲ್ಲಿ ತೀರಿಕೊಂಡಾಗ ಅವರಿಗೆ ಮಣ್ಣು ಸಿಕ್ಕಿದ್ದು ಸ್ಪ್ರಿಂಗ್ ಹಿಲ್‌ನಲ್ಲಿ, ಆ ಆರು ಜನರ ಸಮೀಪ. ಸಹಾಯಕ ಕೋಚ್ ರೆಡ್ ಡಾಸನ್ ದುರಂತದ ದಿನ ಹೊಸ ಆಟಗಾರರನ್ನು ಹುಡುಕಲು ಕಾರಿನಲ್ಲಿ ಹೊರಟಿದ್ದರಿಂದ ಬದುಕಿದರು. ಸತ್ತ ಆಟಗಾರರಲ್ಲಿ ಎಷ್ಟೋ ಮಂದಿಯ ಮನೆಗೆ ಹೋಗಿ ಮಾರ್ಷಲ್‌ಗೆ ಕರೆತಂದವರು ಅವರೇ. 1971ರ ಋತುವನ್ನು ಮುಗಿಸಿಕೊಟ್ಟು ಕೋಚಿಂಗನ್ನೇ ಬಿಟ್ಟರು.

ಲೆಂಗ್ಯೆಲ್ ನಾಲ್ಕು ವರ್ಷ ಇದ್ದರು. ಒಟ್ಟು ಒಂಬತ್ತು ಗೆಲುವು, 33 ಸೋಲು. ಒಂದು ಋತುವಿನಲ್ಲಿ ಸೋಲಿಗಿಂತ ಗೆಲುವು ಹೆಚ್ಚಾಗುವುದಕ್ಕೆ ಮಾರ್ಷಲ್ 1984ರವರೆಗೆ ಕಾಯಬೇಕಾಯಿತು. ಆ ವರ್ಷ ಆರು ಗೆದ್ದರು, ಐದು ಸೋತರು.