ಬಾಗಿಲಿಗೆ ಕಟ್ಟಿದ ಕಂಬಿ

(ಸುವರ್ಣ ಮಹೋತ್ಸವದ ಹಳೆಯ ವಿದ್ಯಾರ್ಥಿಗಳ ಗೋಷ್ಠಿಯಲ್ಲಿ ಆಡಿದ ಮಾತು)



ನನಗೆ ಭಾಷಣ ಬರುವುದಿಲ್ಲ. ನಾನು ಫಿಟ್ಟರ್ ಕೆಲಸದವನು. ಶಾಲೆಯ ಇತಿಹಾಸವನ್ನು ತಿಳಿದವರು ಹೇಳಿದ್ದಾರೆ. ನಾನು ನಮ್ಮ ಮನೆಯ ಒಂದು ಬಾಗಿಲಿನ ಕತೆ ಹೇಳುತ್ತೇನೆ.

ನನ್ನ ಮಗನೂ ಇಲ್ಲಿಯೇ ಕಲಿತವನು. ಪಿಯುಸಿ ಆದ ಮೇಲೆ ಸೈನ್ಯಕ್ಕೆ ಸೇರುತ್ತೇನೆಂದು ಹಟ ಹಿಡಿದ. ಆಗಿನ ಭರ್ತಿ ರ‍್ಯಾಲಿಯ ದೈಹಿಕ ಪರೀಕ್ಷೆಗೆ 100 ಅಂಕ. 1.6 ಕಿಲೋಮೀಟರ್ ಓಟಕ್ಕೆ 60, ಕಂಬಿ ಹಿಡಿದು ಮೈ ಎತ್ತುವುದಕ್ಕೆ 40. ಹತ್ತು ಸಲ ಎತ್ತಿದರೆ ಪೂರ್ತಿ 40, ಆರೇ ಸಲವಾದರೆ 16. ಓಟದಲ್ಲಿ ಅವನು ಗಟ್ಟಿ. ಹಿಂದೆ ಬೀಳುತ್ತಿದ್ದದ್ದು ಕಂಬಿಯಲ್ಲಿ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನಮ್ಮಲ್ಲಿ ಹೊರಗೆ ಅಭ್ಯಾಸ ಮಾಡುವುದು ಹೇಗೆ? ಮರದ ಕೊಂಬೆಗೆ ಪಾಚಿ, ಅಂಗಳಕ್ಕೆ ಕೆಸರು. ಅದಕ್ಕೇ ಬಾಗಿಲ ನಡುವೆ ಕೂರಿಸುವ ಪುಲ್‌ಅಪ್ ಕಂಬಿ ತರಿಸಿದ.

ತಿರುಗಿಸಿದಂತೆ ಉದ್ದವಾಗಿ ಎರಡೂ ಬದಿಯ ದಾರಂದಕ್ಕೆ ಒತ್ತಿ ನಿಲ್ಲುವ ಕಂಬಿ ಅದು. ಮೊಳೆ ಇಲ್ಲ, ಸ್ಕ್ರೂ ಇಲ್ಲ. ಒತ್ತಡ ಮತ್ತು ಘರ್ಷಣೆ, ಇವೆರಡೇ ಅದರ ಆಧಾರ. ಮಗ ಕರೆದ. ನಾನು ಡ್ಯೂಟಿಗೆ ಹೊರಟಿದ್ದೆ. ಚಪ್ಪಲಿ ಹಾಕಿಕೊಂಡೇ ನಿಂತು, ನಡುಮನೆಯ ಬಾಗಿಲಿಗೆ ಬಿಗಿಯಾಗಿ ತಿರುಗಿಸಿ, "ಆಯ್ತು, ಹತ್ತು" ಎಂದೆ.

ಒಂಬತ್ತು ದಿನ ಏನೂ ಆಗಲಿಲ್ಲ. ಹತ್ತನೆಯ ದಿನ ಎಡಬದಿ ಕುಸಿಯಿತು. ಮಗ ಕೈ ಊರಿ ಬಿದ್ದ. ಮಣಿಕಟ್ಟು ಮುರಿಯಿತು. ರ‍್ಯಾಲಿಗೆ ಮೂರು ವಾರ ಇತ್ತು.

ಆಸ್ಪತ್ರೆಯಿಂದ ಬಂದ ರಾತ್ರಿ ದಾರಂದ ನೋಡಿದೆ. ಮೇಲೆ ಹೊಳೆಯುವ ಬಣ್ಣ, ಒಳಗೆ ಒರಲೆ ತಿಂದ ಪುಡಿ. 2019ರ ಆಗಸ್ಟ್‌ನಲ್ಲಿ ಕಾಳಿ ಉಕ್ಕಿದಾಗ ನೀರು ನಿಂತಿದ್ದ ಬಾಗಿಲು ಅದು. ಆ ವರ್ಷ ಹಬ್ಬಕ್ಕೆ ಬಣ್ಣ ಬಳಿದು ನಾವು ಮರೆತಿದ್ದೆವು. ಬಣ್ಣ ಮರೆಯಲಿಲ್ಲ, ಮರೆಮಾಡಿತು ಅಷ್ಟೆ. ನಾನು ಬಿಗಿ ಮಾಡಿದಷ್ಟೂ ಕಂಬಿ ಆ ಟೊಳ್ಳು ಮರವನ್ನೇ ಒತ್ತಿತ್ತು.

ಕೆಲಸದ ಜಾಗದಲ್ಲಿ ನಾನು ಭಾರ ಎತ್ತಿಸುವವನು. ಅಲ್ಲಿ ಒಂದು ನಿಯಮ ಇದೆ: ಮೊದಲು ಎರಡು ಇಂಚು ಎತ್ತು, ನಿಲ್ಲಿಸು, ಎಲ್ಲ ಕಡೆ ನೋಡು, ಆಮೇಲೆ ಮೇಲೆತ್ತು. ಇಪ್ಪತ್ತು ವರ್ಷ ಕಬ್ಬಿಣಕ್ಕೆ ತೋರಿಸಿದ ಆ ಕಾಳಜಿಯನ್ನು ಮಗನಿಗೆ ಎರಡು ನಿಮಿಷ ತೋರಿಸಲಿಲ್ಲ.

ಆಮೇಲೆ ಸರಿಯಾಗಿ ಮಾಡಿದೆ. ಹೇಗೆಂದು ಹೇಳುತ್ತೇನೆ, ಮನೆಯಲ್ಲಿ ಹಾಕುವವರು ಕೇಳಿಸಿಕೊಳ್ಳಿ. ಮೊದಲು ದಾರಂದವನ್ನು ಕೆಳಗಿನಿಂದ ಮೇಲಿನವರೆಗೆ ಸುತ್ತಿಗೆಯ ಹಿಡಿಯಿಂದ ಬಡಿದು ನೋಡಿ. ಗಟ್ಟಿ ಮರದ ಸದ್ದೇ ಬೇರೆ, ಟೊಳ್ಳಿನ ಸದ್ದೇ ಬೇರೆ. ಸಂಶಯವಿದ್ದಲ್ಲಿ ಸ್ಕ್ರೂಡ್ರೈವರ್ ಮೊನೆ ಚುಚ್ಚಿ. ನಾನು ಒಳಕೋಣೆಯ ಮತ್ತಿ ಮರದ ದಾರಂದ ಆರಿಸಿದೆ. ಬರಿಯ ಚಿರೆಕಲ್ಲಿನ ಗೋಡೆಯನ್ನು ನಂಬಬೇಡಿ. ಕಲ್ಲು ರಂಧ್ರಮಯ, ಪ್ಲಗ್ ಸಡಿಲವಾಗುತ್ತದೆ. ಎರಡೂ ಬದಿಗೆ ಮೇಲೆ ಬಾಯಿ ತೆರೆದ ಮರದ ಗುಬುಟು ಮಾಡಿಸಿ, ಮೊದಲು ಸಣ್ಣ ತೂತು ಕೊರೆದು, ಉದ್ದ ಸ್ಕ್ರೂ ಹಾಕಿದೆ. ತೂತು ಕೊರೆಯದಿದ್ದರೆ ಮರ ಸೀಳುತ್ತದೆ. ಒಂದಿಂಚಿನ ಜಿಐ ಪೈಪು ಆ ಬಾಯೊಳಗೆ ಕೂರುತ್ತದೆ, ಬೇಡವಾದಾಗ ಎತ್ತಿ ತೆಗೆಯಬಹುದು. ಈಗ ಭಾರ ಗುಬುಟಿನ ಮೇಲೆ ಕೂರುತ್ತದೆ, ಬರೀ ಘರ್ಷಣೆಯ ಮೇಲಲ್ಲ.

ಕೊನೆಗೆ ಪರೀಕ್ಷೆ. ಮಗನ ತೂಕ 60 ಕಿಲೋ. ಆದರೆ ಜೋರಾಗಿ ಎಳೆದಾಗ, ಇಳಿಯುವಾಗ ಥಟ್ಟನೆ ನಿಂತಾಗ, ಕಂಬಿಯ ಮೇಲೆ ಬೀಳುವ ಬಲ ಅದಕ್ಕಿಂತ ಹೆಚ್ಚು. ಹಾಗಾಗಿ ಐವತ್ತು ಕಿಲೋದ ಎರಡು ಮರಳಿನ ಚೀಲ ತೂಗುಹಾಕಿ ಒಂದು ತಾಸು ಬಿಟ್ಟೆ. ಸ್ಕ್ರೂ ಹತ್ತಿರ ಬಿರುಕು, ಸಂದು ಏನೂ ಕಾಣಲಿಲ್ಲ. ಮೊದಲು ನಾನು ನೇತಾಡಿದೆ, ಆಮೇಲೆ ಅವನು. ಕೆಳಗೆ ಹಾಸಿಗೆ ಇತ್ತು. ಈಗಲೂ ಪ್ರತಿ ಶನಿವಾರ ಸ್ಕ್ರೂ ನೋಡುತ್ತೇನೆ.

ಮಗ ಆ ರ‍್ಯಾಲಿಗೆ ಹೋಗಲಾಗಲಿಲ್ಲ. ಮುಂದಿನದು ಬರುವಷ್ಟರಲ್ಲಿ ವಯಸ್ಸು ಮೀರಿತ್ತು. ಈಗ ಗೋವಾದಲ್ಲಿ ಕೆಲಸ ಮಾಡುತ್ತಾನೆ. ರಜೆಗೆ ಬಂದಾಗ ಅದೇ ಕಂಬಿಯಲ್ಲಿ ಹನ್ನೆರಡು ಸಲ ಎತ್ತುತ್ತಾನೆ. ನನ್ನನ್ನು ಒಂದು ದಿನವೂ ದೂರಿಲ್ಲ. ದೂರಿದ್ದರೆ ನನಗೆ ಸ್ವಲ್ಪ ಹಗುರಾಗುತ್ತಿತ್ತು.

ವಿದ್ಯಾರ್ಥಿಗಳೇ, ನೀವು ಯಾವುದಕ್ಕೆ ಜೋತುಬೀಳುತ್ತೀರೋ ಅದನ್ನು ಮೊದಲು ಬಡಿದು ನೋಡಿ, ಬಣ್ಣ ನೋಡಿ ನಂಬಬೇಡಿ. ದೊಡ್ಡವರೇ, ಮಕ್ಕಳು "ಇದು ಗಟ್ಟಿ ಇದೆಯಾ?" ಎಂದು ಕೇಳಿದಾಗ ಚಪ್ಪಲಿ ಬಿಚ್ಚಿ ಒಳಗೆ ಬಂದು ನೋಡಿ ಹೇಳೋಣ.

ಒಂದು ಕೋರಿಕೆ ಇದೆ. ಮುಖ್ಯಾಧ್ಯಾಪಕರು ಒಪ್ಪಿ ಮಾಡಿನ ಕೆಳಗೆ ಜಾಗ ಕೊಟ್ಟರೆ, ಶಾಲೆಗೆ ಎರಡು ಕಂಬಿ ಹಾಕೋಣ: ಒಂದು ಎತ್ತರದ್ದು, ಒಂದು ಗಿಡ್ಡದ್ದು, ಹುಡುಗಿಯರಿಗೂ ಚಿಕ್ಕವರಿಗೂ ಕೈಗೆಟುಕುವಂತೆ. ಪೈಪು, ಕೂಲಿ ನನ್ನದು. ಗುಂಡಿ ತೋಡಿ ಕಾಂಕ್ರೀಟ್ ಹಾಕಲು ನನ್ನ ಬ್ಯಾಚಿನವರು ಬರಲಿ. ಮೊದಲು ನೇತಾಡುವವನು ನಾನೇ.